ಡ್ರೈವರ್ ತಪ್ಪಿಗೆ ಫಾರೆಸ್ಟ್‌ನವರು ನನ್ನ ಪಿಕಪ್ ಜಪ್ತಿ ಮಾಡ್ಯಾರ, ಬಿಡಿಸ್ಕೊಳ್ಳೋದು ಹೆಂಗ್ರಿ?

ಹಡಪಸರ ಪಿಕಪ್:
ನಮಸ್ಕಾರ್ರಿ ಎಲ್ಲಾರಿಗೂ. ನಾವು ಇಂಡಿ ಕಡೆಯವ್ರು, ಪುಣೆದಾಗ 11 ವರ್ಷ ಆತು, ಒಂದ ಬೊಲೆರೊ ಪಿಕಪ್ ಐತಿ, ಮಾರ್ಕೆಟ್ ಯಾರ್ಡಿಗೆ ಬಾಡಿಗಿ ಹೊಡೀತೀವಿ. ಮೂರು ವಾರದ ಹಿಂದ ಡ್ರೈವರ್ ಕೊಂಕಣದಿಂದ ವಾಪಸ್ ಬರೋವಾಗ ಘಾಟಿನ್ಯಾಗ ತಡದು ನೋಡಿದ್ರ ಖಾಲಿ ಕ್ರೇಟಿನ ಬುಡಕ್ಕ ಗೋಣಿಚೀಲದಾಗ ಚಿಪ್ಪುಹಂದಿ ಚಿಪ್ಪು ಸಿಕ್ಕಾವಂತ. ಅಂವ ಒಳಗದಾನ. ನನಗ ದೇವರಾಣಿ ಗೊತ್ತಿದ್ದಿಲ್ಲ, ಕೇಸಿನ್ಯಾಗ ನನ್ನ ಹೆಸರೂ ಇಲ್ಲ. ಆಫೀಸಿಗೆ ಹೋದ್ರ "ಗಾಡಿ ಸರ್ಕಾರದ್ದಾತು, ಮರತಬಿಡ್ರಿ" ಅಂತಾರ. ಇನ್ನೂ 22 ಇಎಂಐ ಬಾಕಿ ಅದಾವ. ಸೋಮವಾರ ನೋಡಿ ಬಂದೆ, ಹಿಂದಿನ ಎರಡೂ ಟೈರು ಅರ್ಧ ಕೆಸರಾಗ ಹುಗದಾವು, ಬ್ಯಾಟರಿನೂ ಇಲ್ಲ. ದಂಡ ಕಟ್ಟಿದ್ರ ಬಿಡ್ತಾರೇನ್ರಿ?

ಶಿವಾಜಿನಗರ ವಕೀಲ:
ಮರೆಯೋ ಮಾತೇ ಇಲ್ಲ ಸರ್. ಅವರು ಹೇಳ್ತಿರೋದು ವನ್ಯಜೀವಿ ಕಾಯ್ದೆ 1972ರ ಕಲಂ 39(1)(ಡಿ), ಅಪರಾಧಕ್ಕೆ ಬಳಸಿ ಜಪ್ತಿಯಾದ ವಾಹನ ಸರ್ಕಾರದ ಆಸ್ತಿ ಅನ್ನೋದು. ಆದ್ರೆ ಮಧುಕರ್ ರಾವ್ ಕೇಸಲ್ಲಿ 2008ರಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟವಾಗಿ ಹೇಳಿದೆ, ಬರೀ ಆರೋಪ ಬಂತು ಜಪ್ತಿ ಆಯ್ತು ಅಂದಮಾತ್ರಕ್ಕೆ ಗಾಡಿ ಸರ್ಕಾರದ್ದಾಗಲ್ಲ, ಕೇಸ್ ಮುಗಿಯೋವರೆಗೂ ಮಧ್ಯಂತರವಾಗಿ ಬಿಡೋ ಅಧಿಕಾರ ಮ್ಯಾಜಿಸ್ಟ್ರೇಟರಿಗೆ ಇದ್ದೇ ಇದೆ. ಆಗ ಅದು ಸಿಆರ್‌ಪಿಸಿ (ಹಳೇ ಕ್ರಿಮಿನಲ್ ಪ್ರಕ್ರಿಯಾ ಸಂಹಿತೆ) ಕಲಂ 451, 2024ರ ಜುಲೈ 1ರಿಂದ ಅದರ ಜಾಗಕ್ಕೆ ಬಂದ ಬಿಎನ್‌ಎಸ್‌ಎಸ್ (ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ) ಕಲಂ 497, ಅದರ ಜೊತೆಗೆ 503. ಅರ್ಜಿ ಹಾಕಬೇಕಾದ್ದು ಜೆಎಂಎಫ್‌ಸಿ (ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟ್) ಕೋರ್ಟಿಗೆ, ಆರ್‌ಎಫ್‌ಓ (ವಲಯ ಅರಣ್ಯಾಧಿಕಾರಿ) ಟೇಬಲ್ ಮುಂದೆ ದಿನಾ ಕೈಮುಗಿದು ನಿಲ್ಲೋದು ಬೇಡ.

ದಂಡದ ವಿಷಯ: ಚಿಪ್ಪುಹಂದಿ ಈ ಕಾಯ್ದೆಯ ಶೆಡ್ಯೂಲ್ 1ರ, ಅಂದ್ರೆ ಅತಿ ಹೆಚ್ಚು ರಕ್ಷಣೆ ಇರೋ ಪಟ್ಟಿಯ ಪ್ರಾಣಿ, ಕನಿಷ್ಠ 3 ವರ್ಷ ಗರಿಷ್ಠ 7 ವರ್ಷ ಶಿಕ್ಷೆ, ಇಂಥದ್ದನ್ನ ಕಾಂಪೌಂಡ್ ಮಾಡೋಕೆ, ಅಂದ್ರೆ ಇಲಾಖೆಗೆ ಹಣ ಕಟ್ಟಿ ಕೇಸ್ ಮುಗಿಸೋಕೆ ಬರಲ್ಲ. ಯಾರಾದ್ರೂ ಇಷ್ಟು ಕೊಡಿ ಮುಗಿಸ್ತೀವಿ ಅಂದ್ರೆ ಒಂದು ರೂಪಾಯಿನೂ ಕೊಡಬೇಡಿ.

ಆರ್‌ಸಿ, ಇನ್ಶೂರೆನ್ಸ್, ಡ್ರೈವರಿಗೆ ಸಂಬಳ ಕೊಟ್ಟ ದಾಖಲೆ, ಆವತ್ತಿನ ಬಾಡಿಗೆ ಯಾರು ಮಾತಾಡಿದ್ರು ಅನ್ನೋ ಫೋನ್ ಮೆಸೇಜ್ ಎಲ್ಲಾ ಲಗತ್ತಿಸಿ, ಫೈನಾನ್ಸಿನವರ ಪತ್ರಾನೂ. ಗಾಡಿ ಕೊಳೀತಿರೋ ಫೋಟೊ ತಪ್ಪದೇ ಹಾಕಿ. ಜಪ್ತಿ ವಾಹನಗಳನ್ನ ಸ್ಟೇಷನ್ ಅಂಗಳದಲ್ಲಿ ವರ್ಷಗಟ್ಟಲೆ ಬಿಡಬಾರದು, ಫೋಟೊ ಪಂಚನಾಮೆ ಮಾಡಿ ಬಾಂಡ್ ಮೇಲೆ ಕೊಡಿ ಅಂತ ಸುಂದರಭಾಯಿ ಅಂಬಾಲಾಲ್ ದೇಸಾಯಿ ಕೇಸಲ್ಲಿ 2002ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಇಷ್ಟಾದ್ರೂ ಖಾತ್ರಿ ಅಂತ ನಾನು ಹೇಳಲ್ಲ, ಅಪರಾಧ ಎಷ್ಟು ಗಂಭೀರ, ಮಾಲೀಕನ ಪಾತ್ರ ಏನು ಅಂತ ಕೋರ್ಟ್ ನೋಡತ್ತೆ. ಮ್ಯಾಜಿಸ್ಟ್ರೇಟರು ಬಿಡಲ್ಲ ಅಂದ್ರೆ ಆ ಆದೇಶ ಮರುಪರಿಶೀಲಿಸಿ ಅಂತ ಸೆಷನ್ಸ್ ಕೋರ್ಟಿಗೆ ರಿವಿಜನ್, ಆಮೇಲೆ ಬಾಂಬೆ ಹೈಕೋರ್ಟಿಗೆ ಬಿಎನ್‌ಎಸ್‌ಎಸ್ 528ರಡಿ ಅರ್ಜಿ.

ಇನ್ನೊಂದು ಮುಖ್ಯ, ಪಂಚನಾಮೆಯಲ್ಲಿ ಭಾರತೀಯ ಅರಣ್ಯ ಕಾಯ್ದೆ 1927 ಸೇರಿಸಿದ್ದಾರಾ ನೋಡಿ. ಸೇರಿಸಿದ್ರೆ ಮಹಾರಾಷ್ಟ್ರ ತಿದ್ದುಪಡಿಯ 61ಎ ಪ್ರಕಾರ ಇಲಾಖೆಯವರೇ ಮುಟ್ಟುಗೋಲು ಹಾಕೋ ದಾರಿ ಬೇರೆ ಇದೆ, ಅಲ್ಲಿ ನೋಟಿಸಿಗೆ ಉತ್ತರ ಕೊಟ್ಟು, ನನಗೆ ಗೊತ್ತಿರಲಿಲ್ಲ, ಎಚ್ಚರಿಕೆನೂ ವಹಿಸಿದ್ದೆ ಅಂತ ತೋರಿಸಬೇಕು.

ವಾಸ್ಕೊ ಕನ್ನಡಿಗ:
ಅಣ್ಣಾ ನಮ್ಮ ತಮ್ಮನ ಓಮ್ನಿ ಗೋವಾದಾಗ ಕಾಡುಹಂದಿ ಮಾಂಸದ ಕೇಸಿನ್ಯಾಗ ಹೋಗಿತ್ತು, ಕೋರ್ಟಿನಿಂದ ಬಾಂಡ್ ಬರಕೊಟ್ಟು ತಂದ್ವಿ. ಕಂಡೀಶನ್ ಸರಿಯಾಗಿ ಓದ್ರಿ: ಮಾರಬಾರದು, ಬಣ್ಣ ಬದಲಿ ಮಾಡಬಾರದು, ಕರೆದಾಗ ಗಾಡಿ ತಂದು ನಿಲ್ಲಸಬೇಕು. ನಮ್ಮಾಂವ ಮಾರಾಕ ಅಡ್ವಾನ್ಸ್ ತಗೊಂಡಬಿಟ್ಟಿದ್ದ, ವಕೀಲರು ಬೈದ ಮ್ಯಾಲ ವಾಪಸ್ ಕೊಟ್ಟ. ಮತ್ತ ಬಿಡಿಸ್ಕೊಳ್ಳೋ ದಿನ ಮೆಕ್ಯಾನಿಕ್ ಕರ್ಕೊಂಡು ಹೋಗ್ರಿ, ಏನೇನು ಇಲ್ಲ ಅಂತ ಸಹಿ ಮಾಡೋಕಿಂತ ಮೊದಲ ಬರಸ್ರಿ.

ಹಡಪಸರ ಪಿಕಪ್:
ವಕೀಲ ಸಾಹೇಬ್ರ, ಭಾಳ ಉಪಕಾರ ಆತ್ರಿ. ಪಂಚನಾಮೆ ಮರಾಠಿದಾಗ ಐತಿ, ಬಾಜೂ ಮನಿ ಹುಡುಗನ ಕಡೆ ಓದಸಿದೆ, ವನ್ಯಜೀವಿ ಕಾಯ್ದೆದ ಕಲಂ 9, 39, 48ಎ, 49ಬಿ, 51 ಅಷ್ಟ ಅದಾವ, ಫಾರೆಸ್ಟ್ ಆ್ಯಕ್ಟ್ ಎಲ್ಲೂ ಇಲ್ಲ. ಚಾಸಿ ನಂಬರಿನ್ಯಾಗ ಕಡೀ ಎರಡು ಅಂಕಿ ಅದಲಿ ಬದಲಿ ಬರದಾರ, ಅದನ್ನೂ ಅರ್ಜಿದಾಗ ಹೇಳಬೇಕೇನ್ರಿ?

ಶಿವಾಜಿನಗರ ವಕೀಲ:
ಖಂಡಿತ ಹೇಳಿ, ಆರ್‌ಸಿ ಪ್ರತಿ ಜೊತೆಗಿಡಿ. ಇಲ್ಲಾಂದ್ರೆ ಆರ್ಡರ್ ಬಂದ ದಿನ ಇದು ಬೇರೆ ಗಾಡಿ ಅಂತ ಗೇಟಲ್ಲೇ ವಾಪಸ್ ಕಳಿಸ್ತಾರೆ.