ಒಂದೇ ಲೆಕ್ಕಕ್ಕೆ ಎಕ್ಸೆಲ್‌ನಲ್ಲಿ ಒಂದು ಉತ್ತರ, ಪುಸ್ತಕದಲ್ಲಿ ಇನ್ನೊಂದು: ಚಿಹ್ನೆಗಳನ್ನು ಹೇಗೆ ಬಳಸುತ್ತೀರಿ?

ಪ್ರಶ್ನೆ: ಹೈಸ್ಕೂಲ್ ಮಕ್ಕಳಿಗೆ ಕನ್ನಡದಲ್ಲಿ ಲೆಕ್ಕದ ಹಾಳೆ ಮಾಡುತ್ತಿದ್ದೇನೆ. ವರ್ಡ್‌ನಲ್ಲಿ ಬರೆದ 9 – 4 ಅನ್ನು ಪೈಥಾನ್ ಎಂಬ ಪ್ರೋಗ್ರಾಮಿಂಗ್ ಭಾಷೆಗೆ ಪೇಸ್ಟ್ ಮಾಡಿದರೆ ಎರರ್ ಬರುತ್ತದೆ. −3² ಪುಸ್ತಕದಲ್ಲಿ −9, ಎಕ್ಸೆಲ್‌ನಲ್ಲಿ 9. ಗೊತ್ತಿರುವವರು ತಿಳಿಸಿ.

ಉತ್ತರ 1: ಎರರ್ ಬರುವುದು ಆ ಗೀಟಿನಿಂದ. ನೋಡಲು ಒಂದೇ ಥರ ಇದ್ದರೂ ಅವು ಮೂರು ಬೇರೆ ಅಕ್ಷರಗಳು: ಕೀಬೋರ್ಡಿನ ಹೈಫನ್ (-), ಯುನಿಕೋಡ್ (ಪ್ರತಿ ಅಕ್ಷರಕ್ಕೆ ಕೊಟ್ಟ ಸಂಕೇತ ಸಂಖ್ಯೆ) 2013ರ ಎನ್ ಡ್ಯಾಶ್ (–), 2212ರ ಅಸಲಿ ಮೈನಸ್ (−). ಪೈಥಾನ್ ಕಳೆಯುವುದು ಹೈಫನ್ ಇದ್ದರೆ ಮಾತ್ರ. ಹೈಫನ್ನಿನ ಎರಡೂ ಕಡೆ ಜಾಗ ಬಿಟ್ಟರೆ ವರ್ಡ್ ಎಷ್ಟೋ ಸಲ ತಾನಾಗಿಯೇ ಅದನ್ನು ಎನ್ ಡ್ಯಾಶ್ ಮಾಡಿಬಿಡುತ್ತದೆ. ಆಟೋಕರೆಕ್ಟ್ ಆಪ್ಷನ್ಸ್ ಒಳಗಿನ ‘ಆಟೋಫಾರ್ಮ್ಯಾಟ್ ಆ್ಯಸ್ ಯು ಟೈಪ್’ನಲ್ಲಿ ಹೈಫನ್–ಡ್ಯಾಶ್ ಟಿಕ್ ತೆಗೆಯಿರಿ. ಕೋಡನ್ನು ವರ್ಡ್‌ನಲ್ಲಿ ಬರೆಯಲೇಬೇಡಿ, ನೋಟ್‌ಪ್ಯಾಡ್ ಸಾಕು.

ಅಚ್ಚಿಗೆ ಮಾತ್ರ ಅಸಲಿ ಮೈನಸ್ಸೇ ಇರಲಿ. ಅದರ ಅಗಲ + ಚಿಹ್ನೆಗೆ ಹೊಂದುತ್ತದೆ, ಹೈಫನ್ ತೀರಾ ಗಿಡ್ಡ. ವರ್ಡ್‌ನಲ್ಲಿ 2212 ಟೈಪ್ ಮಾಡಿ ಆಲ್ಟ್ ಮತ್ತು ಎಕ್ಸ್ ಒತ್ತಿ. ಹಿಂದೆಯೇ 5 ಅಂಟಿಕೊಂಡಿದ್ದರೆ 52212 ಎಂದು ಓದಿ ಬೇರೇನೋ ಬರುತ್ತದೆ, ಹಾಗಾಗಿ ಆ ನಾಲ್ಕು ಅಂಕಿಗಳನ್ನಷ್ಟೇ ಸೆಲೆಕ್ಟ್ ಮಾಡಿ ಒತ್ತಬೇಕು. × ಬೇಕಾದರೆ ಆಲ್ಟ್ ಹಿಡಿದು ನಂಬರ್‌ಪ್ಯಾಡ್‌ನಲ್ಲಿ 0215, ÷ ಬೇಕಾದರೆ 0247.

ಉತ್ತರ 2: −3² ವಿಷಯಕ್ಕೆ ಬಂದರೆ, ಪುಸ್ತಕವೇ ಸರಿ. ಗಣಿತದಲ್ಲಿ ಘಾತ ಮೊದಲು, ಋಣ ಚಿಹ್ನೆ ಆಮೇಲೆ. ಪೈಥಾನ್‌ನಲ್ಲೂ (ಅಲ್ಲಿ ಘಾತದ ಚಿಹ್ನೆ **) -3**2 ಅಂದರೆ -9. ಎಕ್ಸೆಲ್ ಮಾತ್ರ ಸಂಖ್ಯೆಯ ಮುಂದಿನ ಋಣ ಚಿಹ್ನೆಯನ್ನು ಘಾತಕ್ಕಿಂತ ಮೊದಲೇ ಹಚ್ಚುತ್ತದೆ, ಅದಕ್ಕೇ =-3^2 ಕೊಟ್ಟರೆ 9. ಅದೇ =0-3^2 ಕೊಟ್ಟು ನೋಡಿ, -9 ಬರುತ್ತದೆ. ಇಲ್ಲಿ ಅದೇ ಗೀಟು ಕಳೆಯುವ ಚಿಹ್ನೆ, ಅದರ ಸರದಿ ಘಾತ ಮುಗಿದ ಮೇಲೆ. ಈ ಎರಡು ಸಾಲನ್ನು ಅಕ್ಕಪಕ್ಕದ ಸೆಲ್‌ಗಳಲ್ಲಿ ತೋರಿಸಿದರೆ ಮಕ್ಕಳಿಗೆ ಬೇರೆ ವಿವರಣೆ ಬೇಕಾಗುವುದಿಲ್ಲ. 2^3^2 ಕೂಡ ಹಾಗೇ: ಎಕ್ಸೆಲ್ ಎಡದಿಂದ ಹೋಗಿ 64 ಅನ್ನುತ್ತದೆ, ಪೈಥಾನ್‌ನ 2**3**2 ಬಲದಿಂದ ಬಂದು 512. ಆವರಣ ಹಾಕಿ ಎಕ್ಸೆಲ್‌ನಲ್ಲಿ -(3^2), ಪೈಥಾನ್‌ನಲ್ಲಿ -(3**2) ಎಂದು ಬರೆದರೆ ಎರಡರಲ್ಲೂ ಒಂದೇ ಉತ್ತರ.

ಉತ್ತರ 3: ಎಕ್ಸೆಲ್ ಅಭ್ಯಾಸದಲ್ಲಿ ಪೈಥಾನ್‌ಗೂ ^ ಹಾಕುವವರು ತುಂಬ ಜನ. ಅಲ್ಲಿ ಅದು ಘಾತವೇ ಅಲ್ಲ, ಬಿಟ್‌ಗಳನ್ನು ಹೋಲಿಸುವ ಎಕ್ಸ್‌ಆರ್. 10^2 ಕೊಟ್ಟರೆ 8 ಬರುತ್ತದೆ (ದ್ವಿಮಾನದಲ್ಲಿ 1010 ಮತ್ತು 0010; ಅಂಕಿ ಬೇರೆ ಇರುವ ಕಡೆ ಮಾತ್ರ 1 ಬಂದು 1000). ಎರರ್ ಬರುವುದಿಲ್ಲವಾದ್ದರಿಂದ ತಪ್ಪು ಗೊತ್ತೇ ಆಗುವುದಿಲ್ಲ, ಅದೇ ಅಪಾಯ.

ಉತ್ತರ 4: ಭಾಗಿಸಿ ಉಳಿದ ಶೇಷ ಕೊಡುವ % ಚಿಹ್ನೆಯ ಬಗ್ಗೆಯೂ ಎಚ್ಚರ. ಭಾನುವಾರ 0 ಆದರೆ ಮಂಗಳವಾರ 2. ಇವತ್ತು ಮಂಗಳವಾರವಾದರೆ ಹತ್ತು ದಿನ ಹಿಂದೆ ಯಾವ ವಾರ? (2-10)%7 ಪೈಥಾನ್‌ನಲ್ಲಿ 6, ಅಂದರೆ ಶನಿವಾರ, ಸರಿ. ಸಿ ಮತ್ತು ಜಾವಾ ಭಾಷೆಗಳಲ್ಲಿ -1. ಭಾಗಲಬ್ಧವನ್ನು ಪೈಥಾನ್ ಕೆಳಕ್ಕೆ ಇಳಿಸಿ -2 ಮಾಡುತ್ತದೆ, ಸಿ ಸೊನ್ನೆಯ ಕಡೆಗೆ ಕತ್ತರಿಸಿ -1 ಮಾಡುತ್ತದೆ. ಶೇಷ ಅದಕ್ಕೆ ತಕ್ಕಂತೆ. ಸಿ ಭಾಷೆಯಲ್ಲಿ ಬಂದ ಶೇಷಕ್ಕೆ 7 ಕೂಡಿಸಿ ಇನ್ನೊಮ್ಮೆ %7 ಮಾಡಿ. ಎಕ್ಸೆಲ್‌ನ ಮಾಡ್ ಫಂಕ್ಷನ್ ಪೈಥಾನ್ ಹಾಗೆಯೇ 6 ಕೊಡುತ್ತದೆ.

ಉತ್ತರ 5: ಕನ್ನಡದ ಹಾಳೆ ಅಂದಿದ್ದಕ್ಕೆ ಒಂದು ಮಾತು. ಪೈಥಾನ್ ಕೋಡಿನಲ್ಲಿ ನೇರವಾಗಿ ೧೨ + ೫ ಬರೆದರೆ ಎರರ್. ಆದರೆ ಪಠ್ಯವಾಗಿ ಬಂದ ‘೧೨’ ಅನ್ನು ಇಂಟ್ ಫಂಕ್ಷನ್ 12 ಎಂದೇ ಓದುತ್ತದೆ. ವೇರಿಯಬಲ್‌ಗೆ ‘ಮೊತ್ತ’ ಎಂಬ ಹೆಸರೂ ನಡೆಯುತ್ತದೆ. ‘ಸಾಫ್ಟ್‌ವೇರ್’ ಥರದ ಪದ ನಡೆಯುವುದಿಲ್ಲ, ಟ ಒತ್ತಿನ ನಂತರ ವ ಒತ್ತಕ್ಷರವಾಗದಂತೆ ತಡೆಯಲು ಹಾಕಿದ ಕಾಣದ ಅಕ್ಷರವೊಂದು (ಯುನಿಕೋಡ್ 200C) ಅದರೊಳಗಿರುತ್ತದೆ.