ಸಹಾಯ ಬೇಕು: ಬೂಸ್ಟು ಹಿಡಿದ ಹಳೇ ವಿಡಿಯೊ ಟೇಪ್‌ಗಳು

ಎಲ್ಲರಿಗೂ ನಮಸ್ಕಾರ. ನಾನಿರುವುದು ಇಂಗ್ಲೆಂಡಿನಲ್ಲಿ. ಪಕ್ಕದ ಮನೆಯ ಅಜ್ಜ ಮನೆ ಖಾಲಿ ಮಾಡುವಾಗ ಎರಡು ಡಬ್ಬ ವಿಎಚ್‌ಎಸ್ ಟೇಪ್ ಕೊಟ್ಟು ಹೋದರು. ನೋಡಿದರೆ ಎಲ್ಲವೂ ಇಲ್ಲಿನವರು 'ವಿಡಿಯೊ ನ್ಯಾಸ್ಟಿ' ಎಂದು ಬೈದ ಹಾರರ್ ಸಿನಿಮಾಗಳು!

1984ರ ವಿಡಿಯೊ ಕಾಯ್ದೆಗೆ ಮುಂಚೆ ಇಲ್ಲಿ ಟೇಪ್‌ಗೆ ಸೆನ್ಸಾರ್ ಸರ್ಟಿಫಿಕೇಟೇ ಬೇಕಿರಲಿಲ್ಲ. ಆ ಹೊತ್ತಿನಲ್ಲಿ ಅಶ್ಲೀಲವೆಂದು ಕೇಸು ಹಾಕಬಹುದಾದ ಸಿನಿಮಾಗಳ ಸರ್ಕಾರಿ ವಕೀಲರ ಪಟ್ಟಿಗೆ ಒಟ್ಟು 72 ಸಿನಿಮಾ ಸೇರಿದವು. ಅವುಗಳಲ್ಲಿ 39 ಸಿನಿಮಾಗಳ ವಿರುದ್ಧ ಕೇಸೂ ಗೆದ್ದರು. ಪೊಲೀಸರು ಅಂಗಡಿಗಳಿಂದ ಟೇಪ್ ಹೊತ್ತೊಯ್ದರು. ಆಮೇಲೆ ಶುರುವಾಗಿದ್ದು ಕದ್ದುಮುಚ್ಚಿ ವಿನಿಮಯ. ಅಂಚೆಯಲ್ಲಿ ಪಟ್ಟಿ ಕಳಿಸುವುದು, ಎರಡು ವಿಸಿಆರ್ ಜೋಡಿಸಿ ಕಾಪಿ ತೆಗೆಯುವುದು, ಆ ಕಾಪಿಗೂ ಇನ್ನೊಂದು ಕಾಪಿ. ಪ್ರತಿ ಸಲ ಚಿತ್ರ ಇನ್ನಷ್ಟು ಮಸುಕು. ಹಾಲೆಂಡಿನಿಂದ ಬಂದಿದ್ದಾದರೆ ಕೆಳಗೆ ಡಚ್ ಸಬ್‌ಟೈಟಲ್ ಬೇರೆ.

ಈಗ ತೊಂದರೆ ಏನೆಂದರೆ, ಟೇಪ್ ಸುರುಳಿಯ ಮೇಲೆ ಬಿಳಿ ಬೂಸ್ಟು. ಒಂದನ್ನು ಅಂಗಡಿಗೆ ಕೊಟ್ಟೆ. ಒರೆಸದೆ ಹಾಗೇ ಓಡಿಸಿ ಹರಿದುಬಿಟ್ಟರು. ಹೊಟ್ಟೆ ಉರಿಯಿತು.

ನಮ್ಮೂರಲ್ಲಿ ಮದುವೆ ಕ್ಯಾಸೆಟ್ ಮಾಡುತ್ತಿದ್ದವರು, ವಿಡಿಯೊ ಲೈಬ್ರರಿ ಇಟ್ಟಿದ್ದವರು ಈ ಗುಂಪಿನಲ್ಲಿ ಇದ್ದೀರಲ್ವಾ? ಬೂಸ್ಟನ್ನು ಯಾವುದರಿಂದ ಒರೆಸುತ್ತಿದ್ದಿರಿ? ಟೇಪ್ ಬಿಚ್ಚಿ ಬೇರೆ ಡಬ್ಬಿಗೆ ಹಾಕಬಹುದಾ? ಕಂಪ್ಯೂಟರ್‌ಗೆ ಇಳಿಸುವಾಗ ಚಿತ್ರ ಕುಣಿಯದಂತೆ ಏನು ಮಾಡಬೇಕು? ಇಲ್ಲಿನ ಟೇಪ್‌ಗಳೂ ನಮ್ಮೂರಿನವುಗಳಂತೆ ಪಾಲ್ (PAL) ಎಂಬ ಟಿವಿ ಪದ್ಧತಿಯವೇ, ಹಾಗಾಗಿ ನಿಮ್ಮ ಅನುಭವ ಸರಿಹೊಂದುತ್ತದೆ.

ಇವುಗಳಲ್ಲಿ ಎಷ್ಟೋ ಸಿನಿಮಾ ಈಗ ಡಿಸ್ಕ್‌ನಲ್ಲೇ ಸಿಗುತ್ತವೆ, ಗೊತ್ತು. ಆದರೆ ಅಜ್ಜನ ಕೈಬರಹದ ಚೀಟಿ ಅಂಟಿಸಿದ ಕಾಪಿ ಸಿಗುವುದಿಲ್ಲವಲ್ಲ. ಗೊತ್ತಿದ್ದವರು ದಯವಿಟ್ಟು ತಿಳಿಸಿ.