ಮಾರುಕಟ್ಟೆ ಮಳಿಗೆಗೆ ‘7 ದಿನದಲ್ಲಿ ಖಾಲಿ ಮಾಡಿ’ ಪತ್ರ ಬಂದರೆ ಮೊದಲು ಮಾಡಬೇಕಾದ್ದೇನು?

ಸಂತೆಬೀದಿ: ಕೊಡಗಿನ ಒಂದು ಪೇಟೆಯಲ್ಲಿ ಸ್ಥಳೀಯ ಸಂಸ್ಥೆಯ ಮಳಿಗೆ. ಹರಾಜಿನಲ್ಲಿ ಹಿಡಿದದ್ದು, 11 ತಿಂಗಳ ಪರವಾನಗಿ. ಅವಧಿ ಮುಗಿದು ನಾಲ್ಕು ತಿಂಗಳಾಯಿತು, ಬಾಡಿಗೆ ಮಾತ್ರ ಪ್ರತಿ ತಿಂಗಳೂ ಚಲನ್‌ನಲ್ಲಿ ಕಟ್ಟಿಸಿಕೊಂಡಿದ್ದಾರೆ. ಈಗ ಕಟ್ಟಡ ಕೆಡವುತ್ತೇವೆ, 7 ದಿನದೊಳಗೆ ಖಾಲಿ ಮಾಡಿ ಎಂದು ಪತ್ರ. ಮಳೆಗಾಲ ಬೇರೆ, ಒಳಗೆ ಕಾಫಿ ಪುಡಿ, ಕರಿಮೆಣಸು ಉಂಟು. ಬಾಡಿಗೆ ತಗೊಂಡ ಮೇಲೆ ನವೀಕರಣ ಆದಂತೆಯೇ ಅಲ್ಲವಾ? ಬೀದಿ ವ್ಯಾಪಾರಿಗಳ ಕಾಯ್ದೆ ಇದಕ್ಕೆ ಬರುತ್ತದಾ?

ಕಡತ: ಬಾಡಿಗೆ ತಗೊಂಡ ಮಾತ್ರಕ್ಕೆ ಪರವಾನಗಿ ನವೀಕರಣ ಆಗುವುದಿಲ್ಲ. ಆ ಒಂದೇ ವಾದ ನಂಬಿ ಕೂತರೆ ಕಷ್ಟ. ಆದರೆ ಅವಧಿ ಮುಗಿದಿದೆ ಎಂದು ನೇರ ಬಂದು ಬೀಗ ಮುರಿಯುವುದಕ್ಕೂ ಆಗುವುದಿಲ್ಲ.

ಕರ್ನಾಟಕ ಸಾರ್ವಜನಿಕ ಆವರಣಗಳ (ಅನಧಿಕೃತ ಅಧಿಭೋಗದಾರರ ತೆರವು) ಕಾಯ್ದೆ, 1974ರಲ್ಲಿ ದಾರಿ ಇದೆ. ಸಕ್ಷಮ ಅಧಿಕಾರಿ (ತೆರವಿಗೆಂದು ಸರ್ಕಾರ ನೇಮಿಸಿದ ಅಧಿಕಾರಿ) 4ನೇ ಪ್ರಕರಣದಡಿ ಕಾರಣ ಕೇಳಿ ನೋಟಿಸ್ ಕೊಡಬೇಕು, ನಿಮ್ಮ ಉತ್ತರ ಕೇಳಬೇಕು, ಆಮೇಲೆ 5ನೇ ಪ್ರಕರಣದಡಿ ಕಾರಣ ಬರೆದು ಆದೇಶ ಮಾಡಬೇಕು. ಆ ಆದೇಶ ಪಾಲಿಸದಿದ್ದರೆ ಮಾತ್ರ ಬಲ ಬಳಸಿ ತೆರವು. ಆದ್ದರಿಂದ ಪತ್ರದಲ್ಲಿ ಮೊದಲು ನೋಡಬೇಕಾದ್ದು ಎರಡೇ: ಸಹಿ ಯಾರದು, ಯಾವ ಕಾಯ್ದೆಯ ಯಾವ ಪ್ರಕರಣ ಬರೆದಿದ್ದಾರೆ. ಬರೀ ‘ಖಾಲಿ ಮಾಡಿ’ ಎಂದಿದ್ದರೆ ಅದು ತೆರವು ಆದೇಶವಲ್ಲ. ಹಾಗೆಂದು ಸುಮ್ಮನಿರಬೇಡಿ. ಉತ್ತರ ಬರೆದು ಟಪಾಲು ವಿಭಾಗದಲ್ಲಿ ಕೊಟ್ಟು, ನಿಮ್ಮ ಪ್ರತಿಯ ಮೇಲೆ ಸೀಲು, ತಾರೀಕು ಹಾಕಿಸಿಕೊಳ್ಳಿ. ಜೊತೆಗೆ ಹರಾಜಿನ ಆದೇಶ, ಕರಾರು, ಠೇವಣಿ ರಸೀದಿ, ಎಲ್ಲ ಚಲನ್‌ಗಳ ನಕಲು ಇರಲಿ.

5ನೇ ಪ್ರಕರಣದ ಆದೇಶದ ಮೇಲೆ ಮೇಲ್ಮನವಿ ಜಿಲ್ಲಾ ನ್ಯಾಯಾಧೀಶರಿಗೆ, ಅಂದರೆ ಮಡಿಕೇರಿಗೆ. ಗಡುವು ಚಿಕ್ಕದು, ಆದೇಶ ಕೈಗೆ ಬಂದ ದಿನವೇ ವಕೀಲರನ್ನು ನೋಡಿ. ತಡೆಯಾಜ್ಞೆಗೆಂದು ಸಿವಿಲ್ ದಾವೆ ಹೂಡಿ ಆ ಗಡುವು ಕಳಕೊಳ್ಳುವವರು ಬಹಳ.

ಒಳಬಾಡಿಗೆಗೆ ಕೊಟ್ಟಿದ್ದರೆ ಮಾತ್ರ ನಿಮ್ಮ ಕೈ ತುಂಬಾ ದುರ್ಬಲ. ಇಂಥ ಪರವಾನಗಿ ಹಿಡಿದವರಿಗೇ ಸೀಮಿತ, ಬೇರೆಯವರಿಗೆ ದಾಟಿಸುವಂತಿಲ್ಲ.

ಮೆಣಸುಬಳ್ಳಿ: ಕಾನೂನು ಒಂದು ಕಡೆ, ಸರಕು ಇನ್ನೊಂದು ಕಡೆ. ಸುಲಭಾಧಿಕಾರ ಕಾಯ್ದೆ (ಈಸ್‌ಮೆಂಟ್ಸ್ ಆಕ್ಟ್) 1882ರ 63ನೇ ಪ್ರಕರಣ ಓದಿ: ಪರವಾನಗಿ ರದ್ದಾದವನಿಗೆ ಸರಕು ಸಾಗಿಸಲು ಯುಕ್ತ ಕಾಲಾವಕಾಶ ಸಿಗಬೇಕು. ಜುಲೈ ಮಳೆಯಲ್ಲಿ ಯುಕ್ತ ಎಂದರೆ ಎಷ್ಟು ದಿನ ಎಂದು ಉತ್ತರದಲ್ಲೇ ಲೆಕ್ಕ ಹಾಕಿ ಬರೆಯಿರಿ: ಎಷ್ಟು ಚೀಲ, ಗೋದಾಮು ಎಲ್ಲಿ, ಎಷ್ಟು ಟ್ರಿಪ್. ‘ಮಳೆ ಇದೆ, ಸಮಯ ಕೊಡಿ’ ಎಂದಷ್ಟೇ ಬರೆದರೆ ಯಾರೂ ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲ.

ಮೆಣಸಿನ ಚೀಲ ತೇವ ಕುಡಿದರೆ ಬೂಷ್ಟು, ಕಾಫಿ ಪುಡಿಗೆ ಗಾಳಿ ಹೊಕ್ಕರೆ ಪರಿಮಳವೇ ಹೋಯಿತು. ಈಗಲೇ ಚೀಲಗಳನ್ನು ಗೋಡೆಯಿಂದ ಒಂದಡಿ ದೂರ, ಮರದ ಹಲಗೆ ಮೇಲೆ ಇಡಿ. ಅವರೇ ಸರಕು ಹೊರಹಾಕಿದರೆ ಮಹಜರಿನಲ್ಲಿ ‘ಕಾಫಿ ಪುಡಿ, ಒಂದು ರಾಶಿ’ ಎಂದು ಬರೆಯಲು ಬಿಡಬೇಡಿ. ‘500 ಗ್ರಾಂ ಪೊಟ್ಟಣ, 84’ ಎಂಬಂತೆ ಎಣಿಸಿ ಬರೆಸಿ. ತಕ್ಕಡಿ, ಪುಡಿ ಮಾಡುವ ಯಂತ್ರ, ಬೀರು ಬೇರೆ ಬೇರೆ ಸಾಲಿನಲ್ಲಿ ಬರಬೇಕು. ತಪ್ಪಿದ್ದರೆ ‘ಆಕ್ಷೇಪಣೆ ಸಹಿತ’ ಎಂದು ಬರೆದೇ ಸಹಿ ಹಾಕಿ, ಪ್ರತಿ ಕೇಳಿ.

ಕರೆಂಟ್ ಮೀಟರ್ ನಿಮ್ಮ ಹೆಸರಲ್ಲಿದ್ದರೆ ಖಾಲಿ ಮಾಡುವ ದಿನದ ರೀಡಿಂಗ್ ಫೋಟೋ ತೆಗೆದು ಚೆಸ್ಕಾಂಗೆ ಅರ್ಜಿ ಕೊಡಿ. ಇಲ್ಲವಾದರೆ ಠೇವಣಿ ಅಲ್ಲೇ ಉಳಿದು, ಬಿಲ್ಲು ಮಾತ್ರ ನಿಮ್ಮ ಹೆಸರಿಗೆ ಬರುತ್ತದೆ.

ಕಡತ: ಸರಿಯಾದ ಮಾತು. ಒಂದು ಸೇರಿಸುತ್ತೇನೆ: ಅವಧಿ ಮುಗಿಯುವ ಮೊದಲೇ, ತಪ್ಪಿಲ್ಲದೆ ಎಬ್ಬಿಸಿದರೆ ಅದೇ ಸುಲಭಾಧಿಕಾರ ಕಾಯ್ದೆಯ 64ನೇ ಪ್ರಕರಣದಡಿ ಪರಿಹಾರ ಕೇಳಬಹುದು. ನಿಮ್ಮ ಅವಧಿ ಮುಗಿದಿರುವುದರಿಂದ ಅದು ಹಿಡಿಯುವುದು ಕಷ್ಟ.

ಫುಟ್‌ಪಾತ್: ಬೀದಿ ವ್ಯಾಪಾರಿಗಳ ಕಾಯ್ದೆ, 2014 ನಿಮಗೆ ಬರುವುದಿಲ್ಲ. ಅದು ಬೀದಿ, ಫುಟ್‌ಪಾತ್, ಸಾರ್ವಜನಿಕ ಜಾಗದಲ್ಲಿ ತಾತ್ಕಾಲಿಕ ಅಂಗಡಿ ಇಟ್ಟವರಿಗೆ, ತಿರುಗಿ ಮಾರುವವರಿಗೆ. ಮಳಿಗೆಯ ಎದುರು ಗಾಡಿ ಇಟ್ಟವರಿಗೆ ಬೇಕಾದರೆ ಹೇಳಿ: ಸಮೀಕ್ಷೆ ಮುಗಿದು ಪ್ರಮಾಣಪತ್ರ ಕೊಡುವವರೆಗೆ ಎಬ್ಬಿಸುವಂತಿಲ್ಲ, ಎಬ್ಬಿಸುವುದಾದರೆ 30 ದಿನದ ನೋಟಿಸ್. ವಶಪಡಿಸಿಕೊಂಡ ಸರಕನ್ನು ಶುಲ್ಕ ಕಟ್ಟಿದ ಮೇಲೆ 2 ಕೆಲಸದ ದಿನದಲ್ಲಿ, ಹಣ್ಣು ತರಕಾರಿಯಂಥದ್ದನ್ನು ಅದೇ ದಿನ ಬಿಡಬೇಕು.

ನಿಮಗೆ ನಿಜವಾಗಿ ಬೇಕಾದ್ದು ಹೊಸ ಕಟ್ಟಡದಲ್ಲಿ ಜಾಗ. ‘ಕಟ್ಟಿದ ಮೇಲೆ ನಿಮಗೇ ಕೊಡುತ್ತೇವೆ’ ಎಂಬ ಬಾಯಿಮಾತು ಮುಂದಿನ ಹರಾಜಿನಲ್ಲಿ ನಿಲ್ಲುವುದಿಲ್ಲ. ಸಾಮಾನ್ಯ ಸಭೆಯ ನಿರ್ಣಯದಲ್ಲಿ ಮಳಿಗೆ ಸಂಖ್ಯೆ ಸಮೇತ ಬರಬೇಕು. ಕಟ್ಟಡ ಶಿಥಿಲ ಎಂಬ ಎಂಜಿನಿಯರ್ ವರದಿ ಮತ್ತು ಆ ನಿರ್ಣಯದ ನಕಲು ಎರಡನ್ನೂ ಒಂದೇ ಮಾಹಿತಿ ಹಕ್ಕು ಅರ್ಜಿಯಲ್ಲಿ ಕೇಳಿ. ಶುಲ್ಕ 10 ರೂಪಾಯಿ, ಉತ್ತರಕ್ಕೆ 30 ದಿನ. ಆದ್ದರಿಂದ ಅರ್ಜಿ ಇವತ್ತೇ ಹೋಗಲಿ.